ಮಾನವ ಜೀನೋಮ್ ಬಗ್ಗೆ ಒಂದೇ ಪುಸ್ತಕ ಓದುವುದಾದರೆ ಯಾವುದು? ಚಿಕ್ಕಮಗಳೂರು, ಹಾಸನದ ಓದುಗರು ಹೇಳಿ

ಬಸವನಹಳ್ಳಿ_ಓದು

ಚಿಕ್ಕಮಗಳೂರಿನಲ್ಲಿ ನಮ್ಮದೊಂದು ಸಣ್ಣ ಓದುಗರ ಬಳಗ ಇದೆ. ಮಳೆಗಾಲ ಹಿಡಿದರೆ ತಿರುಗಾಟ ಕಮ್ಮಿ, ಹಾಗಾಗಿ ಒಂದು ದಪ್ಪ ಪುಸ್ತಕ ಹಿಡಿದು ಜೂನ್‌ನಿಂದ ದಸರಾವರೆಗೆ ನಿಧಾನಕ್ಕೆ ಓದುತ್ತೇವೆ. ಈ ಸಲ ಕಾದಂಬರಿ ಬೇಡ, ವಿಜ್ಞಾನ ಇರಲಿ ಎಂದು ಎಲ್ಲರೂ ಹೇಳಿದರು. ವಿಷಯ ಮಾನವ ಜೀನೋಮ್, ಅಂದರೆ ಮನುಷ್ಯನ ಜೀವಕೋಶದಲ್ಲಿರುವ ಡಿಎನ್‌ಎಯ ಪೂರ್ತಿ ಬರಹ. ಬಳಗದಲ್ಲಿ ಬ್ಯಾಂಕಿನಿಂದ ರಿಟೈರ್ ಆದವರಿದ್ದಾರೆ, ಎಸ್ಸೆಸ್ಸೆಲ್ಸಿಗೇ ಸೈನ್ಸಿಗೆ ಕೈಮುಗಿದವರಿದ್ದಾರೆ, ಬಿಎಸ್ಸಿ ಓದುತ್ತಿರುವ ಹುಡುಗಿಯೂ ಇದ್ದಾಳೆ.

ಆನ್‌ಲೈನ್‌ನಲ್ಲಿ ಹುಡುಕಿದರೆ ತಲೆ ಕೆಡುತ್ತದೆ. ಒಂದು ಪುಸ್ತಕ 1999ರದ್ದು, ಇನ್ನೊಂದು 2002, ಮತ್ತೊಂದು 2004, 2007, 2016. ಎಲ್ಲದರ ಬೆನ್ನಲ್ಲೂ ಮನುಷ್ಯನ ಗುಟ್ಟೆಲ್ಲ ಇದರಲ್ಲೇ ಇದೆ ಎನ್ನುವ ಧಾಟಿಯ ಹೊಗಳಿಕೆ. ಹಳೆಯದು ಕೊಂಡರೆ ದುಡ್ಡು ದಂಡವಾ? ಇಂಗ್ಲಿಷ್ ಆದರೂ ಪರವಾಗಿಲ್ಲ, ಆದರೆ ಪುಟಕ್ಕೊಂದು ಸಲ ಡಿಕ್ಷನರಿ ತೆಗೆಯುವಂಥದ್ದು ಬೇಡ.

ಹಾಸನದ_ಮೇಷ್ಟ್ರು

ಮ್ಯಾಟ್ ರಿಡ್ಲಿಯವರ ‘ಜೀನೋಮ್’ ತಗೊಳ್ಳಿ. ಪಿಯು ಮಕ್ಕಳಿಗೆ ಬಯಾಲಜಿ ಹೇಳಿಕೊಟ್ಟು ರಿಟೈರ್ ಆದವನು ನಾನು, ಸಿಲಬಸ್ಸಿನಲ್ಲಿ ಸತ್ತು ಮಲಗಿರುವ ವಿಷಯ ಆ ಪುಸ್ತಕದಲ್ಲಿ ಎದ್ದು ಓಡಾಡುತ್ತದೆ. 23 ಜೊತೆ ಕ್ರೋಮೋಸೋಮಿಗೆ (ಜೀವಕೋಶದೊಳಗಿನ ಡಿಎನ್‌ಎ ಕಟ್ಟುಗಳು) 23 ಅಧ್ಯಾಯ. ಒಂದೊಂದರಿಂದ ಒಂದೊಂದು ಜೀನ್ ಹೆಕ್ಕಿ ಅದರ ಕಥೆ ಹೇಳುತ್ತಾರೆ. ಎಕ್ಸ್ ಮತ್ತು ವೈ ಅಧ್ಯಾಯವನ್ನು ಕೊನೆಗೆ ಹಾಕದೆ ಏಳರ ನಂತರ ಇಟ್ಟಿದ್ದಾರೆ, ಗಾತ್ರದಲ್ಲಿ ಎಕ್ಸ್ ಅಲ್ಲಿಗೇ ಬರುತ್ತದೆ ಎಂದು. ಇಂಥ ಸಣ್ಣ ಸಣ್ಣ ತುಂಟತನ ನನಗೆ ಇಷ್ಟ.

ನಾಲ್ಕನೇ ಅಧ್ಯಾಯ ಮಾತ್ರ ರಾತ್ರಿ ಓದಬೇಡಿ. ಮೆದುಳನ್ನು ನಿಧಾನಕ್ಕೆ ತಿನ್ನುವ ಹಂಟಿಂಗ್ಟನ್ ಕಾಯಿಲೆಯ ಕಥೆ. ನ್ಯಾನ್ಸಿ ವೆಕ್ಸ್‌ಲರ್ ಎಂಬಾಕೆಯ ತಾಯಿಗೆ ಆ ಕಾಯಿಲೆ ಇತ್ತು, ಮಗಳಿಗೆ ಬರುವ ಸಾಧ್ಯತೆ ಅರ್ಧಕ್ಕರ್ಧ. ಆಕೆ ವೆನೆಜುವೆಲಾದ ಮರಕೈಬೋ ಸರೋವರದ ದಂಡೆಯ ಹಳ್ಳಿಗಳಿಗೆ ವರ್ಷ ವರ್ಷವೂ ಹೋಗಿ, ಯಾರ ಮಗ ಯಾರು, ಯಾರಿಗೆ ಕೈಕಾಲು ಅದುರುತ್ತದೆ ಎಂದು ಬರೆದುಕೊಂಡು, ರಕ್ತದ ಸ್ಯಾಂಪಲ್ ತಂದರು. 1983ರಲ್ಲಿ ಆ ಜೀನ್ ನಾಲ್ಕನೇ ಕ್ರೋಮೋಸೋಮಿನ ಮೇಲಿದೆ ಎಂದು ಗೊತ್ತಾಯಿತು. ಆದರೆ ಜೀನ್ ಕೈಗೆ ಸಿಕ್ಕಿದ್ದು 1993ಕ್ಕೆ. ಎಲ್ಲಿದೆ ಎಂದು ಗೊತ್ತಿದ್ದೂ ಹತ್ತು ವರ್ಷ ಹುಡುಕಾಟ! ಜೀನೋಮ್ ನಕ್ಷೆ ಯಾಕೆ ಬೇಕಿತ್ತು ಎಂದು ಕೇಳುವವರಿಗೆ ಈ ಒಂದು ಕಥೆ ಸಾಕು.

ಸುಮ್ನೆ_ಕೇಳ್ದೆ

ಮೇಷ್ಟ್ರೇ, ಒಂದು ಸಣ್ಣ ಡೌಟು. ಮನುಷ್ಯನ ಡಿಎನ್‌ಎ ಪೂರ್ತಿ ಓದುವ ಹ್ಯೂಮನ್ ಜೀನೋಮ್ ಪ್ರಾಜೆಕ್ಟ್ ಮುಗಿದಿದ್ದು 2003ರಲ್ಲಿ ಅಲ್ವಾ? ಪುಸ್ತಕ 1999ರದ್ದು. ಮುಗಿಯುವ ಮೊದಲೇ ಬರೆದದ್ದನ್ನು ಈಗ ಯಾಕೆ ಓದಬೇಕು?

ಲ್ಯಾಬ್_ಹುಡುಗಿ

ಊರು ಸಕಲೇಶಪುರ, ಕೆಲಸ ಬೆಂಗಳೂರಿನ ಒಂದು ಸೀಕ್ವೆನ್ಸಿಂಗ್ ಲ್ಯಾಬಿನಲ್ಲಿ, ಅಂದರೆ ಡಿಎನ್‌ಎಯ ಎ, ಸಿ, ಜಿ, ಟಿ ಅಕ್ಷರಗಳನ್ನು ಸಾಲಾಗಿ ಓದುವ ಕಡೆ. ಈ ‘ಮುಗಿಯಿತು’ ಎನ್ನುವುದರ ಬಗ್ಗೆ ಸ್ವಲ್ಪ ಹೇಳುತ್ತೇನೆ, ಯಾಕೆಂದರೆ ಅದು ಗೊತ್ತಿಲ್ಲದೆ ಪುಸ್ತಕ ಆರಿಸಿದರೆ ಗೊಂದಲ ಗ್ಯಾರಂಟಿ.

ಕೆಲಸ ಶುರುವಾಗಿದ್ದು 1990ರಲ್ಲಿ. 2000ದ ಜೂನ್ 26ರಂದು ಶ್ವೇತಭವನದಲ್ಲಿ ಕ್ಲಿಂಟನ್ ಅಕ್ಕಪಕ್ಕ ಸರ್ಕಾರಿ ಯೋಜನೆಯ ಮುಖ್ಯಸ್ಥ ಫ್ರಾನ್ಸಿಸ್ ಕಾಲಿನ್ಸ್ ಮತ್ತು ಪೈಪೋಟಿಗಿಳಿದ ಖಾಸಗಿ ಕಂಪನಿಯ ಕ್ರೇಗ್ ವೆಂಟರ್ ನಿಂತುಕೊಂಡು ಆಯಿತು ಎಂದು ಘೋಷಿಸಿದರು. ಅದು ಬರೀ ಕರಡು. 2003ರ ಏಪ್ರಿಲ್‌ನಲ್ಲಿ ಮತ್ತೆ ಮುಗಿಯಿತು ಎಂದರು. ಆಗಲೂ ನೂರಾರು ಕಡೆ ಖಾಲಿ ಜಾಗ ಇತ್ತು. ಕ್ರೋಮೋಸೋಮಿನ ನಡುವಿನ ಸೆಂಟ್ರೊಮಿಯರ್, 13, 14, 15, 21, 22ರ ಗಿಡ್ಡ ತೋಳುಗಳು, ಇಲ್ಲೆಲ್ಲ ಒಂದೇ ಥರದ ಅಕ್ಷರಗಳು ಸಾವಿರ ಸಲ ತಿರುಗಿ ತಿರುಗಿ ಬರುತ್ತವೆ, ಆಗಿನ ಮೆಷಿನ್‌ಗಳು ಸಣ್ಣ ಸಣ್ಣ ತುಂಡು ಮಾತ್ರ ಓದುತ್ತಿದ್ದವು, ಹಾಗಾಗಿ ಯಾವ ತುಂಡು ಎಲ್ಲಿಯದು ಎಂದು ಹೇಳುವುದೇ ಆಗುತ್ತಿರಲಿಲ್ಲ. ಹೀಗೆ ಸುಮಾರು ಶೇ 8ರಷ್ಟು ಬಿಟ್ಟುಹೋಗಿತ್ತು. ಅದನ್ನು ತುಂಬಿದ್ದು 2022ರಲ್ಲಿ, ಟಿ2ಟಿ ಎಂಬ ವಿಜ್ಞಾನಿಗಳ ಗುಂಪು. ಅದರಲ್ಲೂ ವೈ ಕ್ರೋಮೋಸೋಮ್ ಇರಲಿಲ್ಲ, ಅದು ಪೂರ್ತಿಯಾಗಿ ಬಂದದ್ದು 2023ಕ್ಕೆ.

ಅಂದರೆ ‘ಮುಗಿದ ನಂತರ ಬರೆದ ಪುಸ್ತಕ’ ಬೇಕೆಂದು ಹಟ ಹಿಡಿದರೆ ಮೇಲೆ ಹೇಳಿದ ಪಟ್ಟಿಯಲ್ಲಿ ಒಂದೂ ಉಳಿಯುವುದಿಲ್ಲ. ನನ್ನ ಲೆಕ್ಕದಲ್ಲಿ ಇಸವಿ ನೋಡಿ ಬಿಸಾಕುವುದಕ್ಕಿಂತ ಇಸವಿ ನೋಡಿಕೊಂಡು ಓದುವುದು ವಾಸಿ.

ಮೇಷ್ಟ್ರು ಹೇಳಿದ ವೆಕ್ಸ್‌ಲರ್ ಕಥೆಯನ್ನೇ ತಗೊಳ್ಳಿ. ತನಗೂ ಆ ಕಾಯಿಲೆ ಇದೆ ಎಂದು ಆಕೆ 2020ರಲ್ಲಿ ಬಹಿರಂಗವಾಗಿ ಹೇಳಿದರು. 1999ರ ಪುಸ್ತಕಕ್ಕೆ ಅದು ಗೊತ್ತಿಲ್ಲ. ಗೊತ್ತಿದ್ದುಕೊಂಡು ನಾಲ್ಕನೇ ಅಧ್ಯಾಯ ಓದಿ ನೋಡಿ, ಬೇರೆಯೇ ಅನಿಸುತ್ತದೆ.

ಹಾಸನದ_ಮೇಷ್ಟ್ರು

ಇದು ನನಗೆ ತಿಳಿದಿರಲಿಲ್ಲ ಮಗಳೇ. ಛೆ.

ರಿಡ್ಲಿ ಪುಸ್ತಕದಲ್ಲಿ ಹಳತಾಗಿದ್ದು ಇದೆ, ಒಪ್ಪುತ್ತೇನೆ. ಮನುಷ್ಯನ ಜೀನ್‌ಗಳ ಸಂಖ್ಯೆ ಇವತ್ತಿನ ಲೆಕ್ಕಕ್ಕಿಂತ ತುಂಬಾ ಜಾಸ್ತಿ ಕೊಟ್ಟಿದ್ದಾರೆ. ಆಗ ಎಲ್ಲರದ್ದೂ ಅದೇ ಅಂದಾಜು, ಪಾಠ ಮಾಡುವಾಗ ನಾವೂ ಒಂದು ಲಕ್ಷ ಎನ್ನುತ್ತಿದ್ದೆವು.

ಲ್ಯಾಬ್_ಹುಡುಗಿ

ಅದರ ಮೇಲೆ ವಿಜ್ಞಾನಿಗಳು ಬೆಟ್ಟಿಂಗ್ ಕಟ್ಟಿದ್ದರು ಸರ್! 2000ದಲ್ಲಿ ಅಮೆರಿಕದ ಕೋಲ್ಡ್ ಸ್ಪ್ರಿಂಗ್ ಹಾರ್ಬರ್ ಸಮ್ಮೇಳನದಲ್ಲಿ ಇವಾನ್ ಬರ್ನಿ ಒಂದು ಪುಸ್ತಕ ತೆರೆದು ಪಂಥ ಬರೆಸಿಕೊಂಡರು. ಕೊನೆಗೆ ಗೆದ್ದಿದ್ದು ಎಲ್ಲರಿಗಿಂತ ಕಡಿಮೆ ಹೇಳಿದ ಲೀ ರೋವೆನ್, ಆಕೆಯ ಸಂಖ್ಯೆ 25,947. ಈಗಿನ ಲೆಕ್ಕ ಅದಕ್ಕೂ ಕಮ್ಮಿ, ಪ್ರೋಟೀನ್ ಮಾಡುವ ಜೀನ್ ಸುಮಾರು 20 ಸಾವಿರ.

ಸುಮ್ನೆ_ಕೇಳ್ದೆ

ವಿಜ್ಞಾನಿಗಳೂ ಐಪಿಎಲ್ ಬುಕ್ಕಿಗಳ ಥರ ಅಂತ ಗೊತ್ತಾಗಿ ಖುಷಿಯಾಯಿತು.

ಕೊಪ್ಪದ_ಸಿಸ್ಟರ್

ನನ್ನ ಓಟು ಸಿದ್ಧಾರ್ಥ ಮುಖರ್ಜಿಯವರ ‘ದಿ ಜೀನ್’ಗೆ. 2016ರದ್ದು. ದಪ್ಪ ಇದೆ, ಆದರೆ ನಿಮಗೆ ನಾಲ್ಕು ತಿಂಗಳಿದೆಯಲ್ಲ. ಶುರುವಾಗುವುದೇ ಅವರ ಮನೆಯಿಂದ. ಇಬ್ಬರು ದೊಡ್ಡಪ್ಪಂದಿರಿಗೆ, ದೊಡ್ಡಪ್ಪನ ಮಗನಾದ ಒಬ್ಬ ಅಣ್ಣನಿಗೆ ಮಾನಸಿಕ ಕಾಯಿಲೆ. ಅಪ್ಪನ ಜೊತೆ ಕೋಲ್ಕತ್ತಾಗೆ ಹೋಗಿ ಆಸ್ಪತ್ರೆಯಲ್ಲಿರುವ ಅಣ್ಣನನ್ನು ನೋಡುತ್ತಾರೆ. ಮನೆತನದಲ್ಲಿ ಏನೋ ಇದೆ ಎಂದು ಎಲ್ಲರಿಗೂ ಗೊತ್ತು, ಯಾರೂ ಬಾಯಿಬಿಡುವುದಿಲ್ಲ. ನಮ್ಮ ಕಡೆ ಇಂಥದ್ದು ಎಷ್ಟು ಮನೆಯಲ್ಲಿಲ್ಲ ಹೇಳಿ? ಹೆಣ್ಣು ಕೊಡುವಾಗ ತರುವಾಗ ‘ಆ ಮನೆಯಲ್ಲಿ ಸ್ವಲ್ಪ ಹಾಗಂತೆ’ ಎನ್ನುವ ಪಿಸುಮಾತಿಗೇ ಸಂಬಂಧಗಳು ಮುರಿದುಬೀಳುತ್ತವೆ.

ನರ್ಸಿಂಗ್ ಓದುವಾಗ ಮೆಂಡಲ್, ಬಟಾಣಿ ಎಂದು ಉರು ಹೊಡೆದಿದ್ದೆ. ಮುಖರ್ಜಿ ಓದಿದ ಮೇಲೆ ವಾರ್ಡಿನಲ್ಲಿ ಫ್ಯಾಮಿಲಿ ಹಿಸ್ಟರಿ ಬರೆದುಕೊಳ್ಳುವ ರೀತಿಯೇ ಬದಲಾಯಿತು. ‘ಮನೆಯಲ್ಲಿ ಬೇರೆ ಯಾರಿಗಾದರೂ ಇದೆಯಾ’ ಎಂದು ಕೇಳಿ ‘ಇಲ್ಲ’ ಎಂದರೆ ಮುಂದಕ್ಕೆ ಹೋಗುತ್ತಿದ್ದೆ. ಈಗ ಅಜ್ಜ, ಅಜ್ಜನ ತಮ್ಮ, ಸೋದರತ್ತೆ ಎಂದು ಒಬ್ಬೊಬ್ಬರನ್ನೇ ಹೆಸರು ಹಿಡಿದು ಕೇಳುತ್ತೇನೆ. ಎಷ್ಟೋ ಸಲ ನಾಲ್ಕನೆಯವರೋ ಐದನೆಯವರೋ ಬರುವ ಹೊತ್ತಿಗೆ ‘ಹಾಂ, ಅವರಿಗೂ ಇತ್ತು’ ಎನ್ನುತ್ತಾರೆ.

ಲ್ಯಾಬ್_ಹುಡುಗಿ

ಪುಸ್ತಕ ಚೆನ್ನಾಗಿದೆ ಸಿಸ್ಟರ್, ಆದರೆ ಒಂದು ಎಚ್ಚರಿಕೆ. ಅದು ಹೊರಬರುವ ಹೊತ್ತಿಗೆ ಅದರ ಒಂದು ಭಾಗ ಪತ್ರಿಕೆಯಲ್ಲಿ ಬಂದಿತ್ತು, ಎಪಿಜೆನೆಟಿಕ್ಸ್ ಬಗ್ಗೆ, ಅಂದರೆ ಡಿಎನ್‌ಎ ಅಕ್ಷರ ಬದಲಾಗದೆಯೇ ಜೀನಿನ ಕೆಲಸ ಬದಲಾಗುವುದರ ಬಗ್ಗೆ. ಆ ಕ್ಷೇತ್ರದ ವಿಜ್ಞಾನಿಗಳು ಸಿಟ್ಟಾದರು. ಜೀನ್ ಯಾವಾಗ ಚಾಲೂ ಆಗಬೇಕು, ಯಾವಾಗ ಬಂದ್ ಆಗಬೇಕು ಎಂದು ನಿರ್ಧರಿಸುವ ಮುಖ್ಯ ಕೆಲಸಗಾರರನ್ನೇ ಬಿಟ್ಟು ಬೇರೆಯವರಿಗೆ ಹಾರ ಹಾಕಿದ್ದಾರೆ ಎನ್ನುವುದು ಆಕ್ಷೇಪ. ಆ ಭಾಗವನ್ನು ಸ್ವಲ್ಪ ಉಪ್ಪು ಖಾರ ನೋಡಿಕೊಂಡು ಓದಿ. ಉಳಿದದ್ದು, ಅದರಲ್ಲೂ ವಂಶ ಶುದ್ಧಿಯ ಹೆಸರಿನಲ್ಲಿ ಅಮೆರಿಕದಲ್ಲಿ, ಜರ್ಮನಿಯಲ್ಲಿ ನಡೆದದ್ದರ ಇತಿಹಾಸ, ಎಲ್ಲರೂ ಓದಬೇಕಾದ್ದು.

ಕೊಪ್ಪದ_ಸಿಸ್ಟರ್

ಸರಿ. ಮನೆತನದ ಕಾಯಿಲೆ ಎಂದಾಗ ಒಂದು ವಿಷಯ ಹೇಳಲೇಬೇಕು. ಇದು ನಮ್ಮದೇ ಮಲೆನಾಡಿನದು, ಯಾವ ಇಂಗ್ಲಿಷ್ ಜನಪ್ರಿಯ ಪುಸ್ತಕದಲ್ಲೂ ನಾನು ಕಂಡಿಲ್ಲ. ಹಂದಿಗೋಡು ಕಾಯಿಲೆ. 1970ರ ದಶಕದಲ್ಲಿ ಸಾಗರದ ಹತ್ತಿರದ ಹಂದಿಗೋಡಿನಲ್ಲಿ ಮೊದಲು ಬೆಳಕಿಗೆ ಬಂತು. ಶಿವಮೊಗ್ಗ ಜಿಲ್ಲೆಯಲ್ಲಿ ಮಾತ್ರ ಅಲ್ಲ, ನಮ್ಮ ಚಿಕ್ಕಮಗಳೂರು ಜಿಲ್ಲೆಯಲ್ಲೂ ಇದೆ. ಸೊಂಟ, ಮಂಡಿ ಕೀಲುಗಳು ಸವೆದು ನೋವು, ಕೆಲವರು ತೀರಾ ಕುಳ್ಳಗೆ ಉಳಿದುಬಿಡುತ್ತಾರೆ, ಕೆಲವರು ನಡೆಯುವುದಕ್ಕೇ ಆಗದೆ ತೆವಳುತ್ತಾರೆ. ಬಂದದ್ದು ಕಡುಬಡ ಕೂಲಿಕಾರರ ಮನೆಗಳಿಗೆ. ಗದ್ದೆಗೆ ಕೀಟನಾಶಕ ಹೊಡೆದ ಮೇಲೆ ಅಲ್ಲಿಯ ಏಡಿ, ಮೀನು ತಿಂದಿದ್ದಕ್ಕೆ ಬಂತು ಎನ್ನುವ ಅನುಮಾನ ಮೊದಲು ಇತ್ತು. ಆಮೇಲೆ ವಂಶಾವಳಿ ಬರೆದು ನೋಡಿದಾಗ ತಂದೆ ತಾಯಿಯರಲ್ಲಿ ಒಬ್ಬರಿಗಿದ್ದರೆ ಸಾಕು, ಮಕ್ಕಳಿಗೆ ಬರುವ ಸಾಧ್ಯತೆ ಅರ್ಧಕ್ಕರ್ಧ ಎಂದು ಕಂಡುಬಂತು. ಹಂಟಿಂಗ್ಟನ್ ಲೆಕ್ಕವೇ.

ಮರಕೈಬೋ ಹಳ್ಳಿಗಳ ಕಥೆ ಲಂಡನ್ನಿನ ಓದುಗರಿಗೆ ಗೊತ್ತು. ಹಂದಿಗೋಡಿನ ಕಥೆ ಚಿಕ್ಕಮಗಳೂರಿನವರಿಗೇ ಗೊತ್ತಿಲ್ಲ. ಇದನ್ನು ಯಾರಾದರೂ ಕನ್ನಡದಲ್ಲಿ, ಆ ಮನೆಗಳಿಗೆ ಹೋಗಿ ಕೂತು, ಒಂದು ಪೂರ್ತಿ ಪುಸ್ತಕವಾಗಿ ಬರೆಯಬೇಕು ಮಾರಾಯ್ರೆ.

ಬಸವನಹಳ್ಳಿ_ಓದು

ಸಿಸ್ಟರ್, ಇದನ್ನು ನಮ್ಮ ಬಳಗದಲ್ಲಿ ಬಂದು ಹೇಳುತ್ತೀರಾ? ಕೊಪ್ಪದಿಂದ ದೂರ ಆಗುತ್ತದೆ, ಆದರೂ ಕೇಳುತ್ತಿದ್ದೇನೆ.

ಕೊಪ್ಪದ_ಸಿಸ್ಟರ್

ಡ್ಯೂಟಿ ನೋಡಿಕೊಂಡು ಹೇಳುತ್ತೇನೆ. ರಸ್ತೆ ಇದ್ದರೆ ಬರುತ್ತೇನೆ.

ಮೂಡಿಗೆರೆ_ಪ್ಲಾಂಟರ್

ನಾನು ಬೇರೆ ದಾರಿ ಹೇಳುತ್ತೇನೆ. ವಿಜ್ಞಾನ ಕಲಿಯಬೇಕು ಎಂದರೆ ಮೇಷ್ಟ್ರ ಪುಸ್ತಕ ಓದಿ. ಜಗಳ ನೋಡಬೇಕು ಎಂದರೆ ಎರಡು ಪುಸ್ತಕ ಒಟ್ಟಿಗೆ ಓದಿ. ಜಾನ್ ಸಲ್‌ಸ್ಟನ್ ಅವರ ‘ದಿ ಕಾಮನ್ ಥ್ರೆಡ್’, ಜಾರ್ಜಿನಾ ಫೆರಿ ಜೊತೆ ಸೇರಿ ಬರೆದದ್ದು, 2002. ಇನ್ನೊಂದು ಕ್ರೇಗ್ ವೆಂಟರ್ ಅವರ ಆತ್ಮಕಥೆ ‘ಎ ಲೈಫ್ ಡಿಕೋಡೆಡ್’, 2007. ಒಂದೇ ಘಟನೆ, ಎರಡು ಬಾಯಿ. ಕೋರ್ಟಿನಲ್ಲಿ ಎರಡೂ ಕಡೆಯ ಸಾಕ್ಷಿ ಕೇಳಿದ ಹಾಗಾಗುತ್ತದೆ.

ಸಲ್‌ಸ್ಟನ್ ಸರ್ಕಾರಿ ಯೋಜನೆಯ ಬ್ರಿಟನ್ ಗುಂಪಿನ ಮುಂದಾಳು, ಒಂಥರಾ ಹಳೇ ಕಾಲದ ಗಾಂಧಿವಾದಿ. ಒಂದು ಮಿಲಿಮೀಟರ್ ಉದ್ದದ ಹುಳದ ಒಂದೊಂದೇ ಜೀವಕೋಶ ಹೇಗೆ ಒಡೆದು ಎರಡಾಗುತ್ತದೆ ಎಂದು ಮೈಕ್ರೋಸ್ಕೋಪಿನ ಮುಂದೆ ವರ್ಷಗಟ್ಟಲೆ ಕೂತು ನೋಡಿ ಬರೆದವರು, 2002ರಲ್ಲಿ ಅದಕ್ಕೇ ನೊಬೆಲ್ ಬಂತು. ಮನುಷ್ಯನ ಜೀನೋಮ್ ಯಾರ ಸ್ವತ್ತೂ ಅಲ್ಲ ಎನ್ನುವುದು ಅವರ ಪಟ್ಟು. 1996ರಲ್ಲಿ ಬರ್ಮುಡಾದಲ್ಲಿ ಸೇರಿ ಒಪ್ಪಂದ ಮಾಡಿಕೊಂಡರು, ಓದಿದ್ದನ್ನು 24 ಗಂಟೆಯೊಳಗೆ ಎಲ್ಲರಿಗೂ ಪುಕ್ಕಟೆ ಹಾಕಿಬಿಡಬೇಕು ಎಂದು.

ವೆಂಟರ್ ತದ್ವಿರುದ್ಧ. ಓದಿನಲ್ಲಿ ಹಿಂದೆ ಬಿದ್ದಿದ್ದ ಹುಡುಗ, ವಿಯೆಟ್ನಾಂ ಯುದ್ಧದಲ್ಲಿ ನೌಕಾಪಡೆಯ ಆಸ್ಪತ್ರೆಯಲ್ಲಿ ಕೆಲಸ ಮಾಡಿ ಸಾವು ನೋಡಿ ಬಂದವರು, ಆಮೇಲೆ ಯಾವುದಕ್ಕೂ ಕಾಯುವ ಜಾಯಮಾನವೇ ಇಲ್ಲ. 1998ರಲ್ಲಿ ಸೆಲೆರಾ ಕಂಪನಿ ಕಟ್ಟಿ, ನೀವು 15 ವರ್ಷ ಎಂದು ಹಾಕಿಕೊಂಡಿರುವ ಕೆಲಸವನ್ನು ನಾನು ಮೂರು ವರ್ಷಕ್ಕೆ ಮುಗಿಸುತ್ತೇನೆ, ನೀವು ಬೇಕಾದರೆ ಇಲಿಯ ಜೀನೋಮ್ ಮಾಡಿ ಎಂದರು. ಸರ್ಕಾರದ ಕಡೆಯವರ ಮುಖ ಹೇಗಾಗಿರಬೇಡ!

ಸುಮ್ನೆ_ಕೇಳ್ದೆ

ಇದು ಸಕತ್ತಾಗಿದೆ. ಆದರೆ ಮೂರು ವರ್ಷಕ್ಕೆ ಹೇಗೆ ಸಾಧ್ಯ? ಟ್ರಿಕ್ ಏನು?

ಲ್ಯಾಬ್_ಹುಡುಗಿ

ಶಾಟ್‌ಗನ್ ವಿಧಾನ. ಒಂದೇ ದಿನದ ಪೇಪರಿನ ಹತ್ತು ಪ್ರತಿ ತಂದು, ಒಂದೊಂದನ್ನೂ ಬೇರೆ ಬೇರೆ ರೀತಿ ಚಿಂದಿ ಚಿಂದಿ ಹರಿದು, ಎಲ್ಲವನ್ನೂ ಒಂದೇ ಚೀಲಕ್ಕೆ ಹಾಕಿ. ಈಗ ಒಂದು ಚೂರಿನ ಕೊನೆಯ ಸಾಲು ಇನ್ನೊಂದು ಚೂರಿನ ಮೊದಲ ಸಾಲಿಗೆ ಹೊಂದುತ್ತದಾ ಎಂದು ನೋಡಿ ನೋಡಿ ಪೂರ್ತಿ ಪೇಪರ್ ಜೋಡಿಸಬೇಕು. ಸರ್ಕಾರದ ಕಡೆಯವರು ಮೊದಲು ಪುಟ ಪುಟ ಬೇರೆ ಮಾಡಿ ನಂಬರ್ ಹಾಕಿಕೊಂಡು, ಆಮೇಲೆ ಒಂದೊಂದು ಪುಟ ಹರಿಯುತ್ತಿದ್ದರು. ನಿಧಾನ, ಆದರೆ ಭದ್ರ. ವೆಂಟರ್ ಪುಟ ಗಿಟ ಏನೂ ಬೇಡ, ಎಲ್ಲವನ್ನೂ ಒಟ್ಟಿಗೆ ಹರಿದು ಕಂಪ್ಯೂಟರಿಗೆ ಕೊಡಿ ಎಂದರು. 1995ರಲ್ಲಿ ಒಂದು ಬ್ಯಾಕ್ಟೀರಿಯಾವನ್ನು ಹೀಗೇ ಓದಿ ತೋರಿಸಿದ್ದರು. ಮನುಷ್ಯನದು 300 ಕೋಟಿ ಅಕ್ಷರ, ಅದರಲ್ಲಿ ಅರ್ಧಕ್ಕೆ ಅರ್ಧ ಬಂದದ್ದೇ ಬರುವ ಸಾಲುಗಳು, ಆಗುವುದಿಲ್ಲ ಎಂದು ತುಂಬಾ ಜನ ಹೇಳಿದ್ದರು.

ಸೆಲೆರಾ 300 ಮೆಷಿನ್ ಸಾಲಾಗಿ ಇಟ್ಟುಕೊಂಡು ಹಗಲೂ ರಾತ್ರಿ ಓಡಿಸಿತು. ಇನ್ನೊಂದು ಕಡೆ ಸಲ್‌ಸ್ಟನ್ ಗುಂಪು ಪುಕ್ಕಟೆ ಹಾಕುತ್ತಿದ್ದ ಡೇಟಾವನ್ನೂ ಸೇರಿಸಿಕೊಂಡಿತು. ನಮ್ಮದನ್ನೇ ತಗೊಂಡು ನಮ್ಮ ಮೇಲೇ ಗೆದ್ದೆ ಎನ್ನುತ್ತಾನೆ ಎಂದು ಇವರ ಸಿಟ್ಟು. ಎಲ್ಲರಿಗೂ ಕೊಟ್ಟಿದ್ದು ತಾನೇ, ನಾನೂ ಎಲ್ಲರಲ್ಲಿ ಒಬ್ಬ ಎಂದು ಅವರ ಉತ್ತರ. ಈ ಜಗಳ 2000ದ ನಂತರವೂ ಜರ್ನಲ್‌ಗಳಲ್ಲಿ ನಡೆಯಿತು. ತಮಾಷೆ ಏನೆಂದರೆ ಇವತ್ತು ನಮ್ಮ ಲ್ಯಾಬಿನಲ್ಲಿ ನಾವು ಮಾಡುವುದು ಶಾಟ್‌ಗನ್ನೇ, ಆದರೆ ಜೋಡಿಸುವಾಗ ಪಕ್ಕದಲ್ಲಿಟ್ಟು ನೋಡುವುದು ಸರ್ಕಾರದ ಕಡೆಯವರು ಮಾಡಿಟ್ಟ ನಕ್ಷೆ.

ಮೂಡಿಗೆರೆ_ಪ್ಲಾಂಟರ್

ಸಲ್‌ಸ್ಟನ್ ಪುಸ್ತಕದಲ್ಲಿ ನನಗೆ ಬಹಳ ಇಷ್ಟವಾದ ಜಾಗ ಆ ಜೂನ್ 26ರದ್ದು. ಆ ದಿನವೇ ಯಾಕೆ? ಕ್ಲಿಂಟನ್ ಮತ್ತು ಆಗಿನ ಬ್ರಿಟನ್ ಪ್ರಧಾನಿ ಟೋನಿ ಬ್ಲೇರ್ ಇಬ್ಬರ ಡೈರಿಯಲ್ಲೂ ಅವತ್ತು ಖಾಲಿ ಇತ್ತು, ಅಷ್ಟೇ. ಕೆಲಸ ಅರ್ಧಂಬರ್ಧ ಆಗಿದ್ದರೂ ಎರಡೂ ಕಡೆಯವರದ್ದು ಟೈ ಆಯಿತು ಎಂದು ಕೈಕುಲುಕಿಸಿ ಫೋಟೋ ಹೊಡೆಸಿದರು. ಇದನ್ನು ಆ ಮನುಷ್ಯ ಮುಚ್ಚುಮರೆ ಇಲ್ಲದೆ ಬರೆದಿದ್ದಾರೆ. ವೆಂಟರ್ ಪುಸ್ತಕದಲ್ಲಿ ಅದೇ ದಿನ ಪಟ್ಟಾಭಿಷೇಕ!

ವೆಂಟರ್ ಸುಮ್ನೆ ಜಂಬದ ಮನುಷ್ಯ ಎಂದು ಬಿಡುವ ಹಾಗೂ ಇಲ್ಲ. ತನ್ನದೇ ಡಿಎನ್‌ಎ ಓದಿಸಿ, ಪುಸ್ತಕದ ನಡುನಡುವೆ ಚೌಕ ಹಾಕಿ, ನನಗೆ ಈ ಜೀನ್ ಹೀಗಿದೆ, ಇಂಥ ಕಾಯಿಲೆಯ ಅಪಾಯ ಇಷ್ಟಿದೆ ಎಂದು ಬರೆದುಕೊಂಡಿದ್ದಾರೆ. ಜೇಮ್ಸ್ ವಾಟ್ಸನ್ ಅವರದ್ದೂ ಅದೇ ಕಾಲಕ್ಕೆ ಓದಿದರು. ಆದರೆ ಮರೆವಿನ ಕಾಯಿಲೆಯ ಅಪಾಯ ಹೇಳುವ ಒಂದು ಜೀನ್ ಮಾತ್ರ ತನಗೂ ಹೇಳಬೇಡಿ, ಬೇರೆಯವರಿಗೂ ತೋರಿಸಬೇಡಿ ಎಂದರಂತೆ. ಡಿಎನ್‌ಎ ರಚನೆ ಕಂಡುಹಿಡಿದವರಿಗೇ ಹೆದರಿಕೆ.

ಹಾಸನದ_ಮೇಷ್ಟ್ರು

ಜಗಳದ ಪುಸ್ತಕ ಓದಿಸಿದರೆ ಬಳಗದವರಿಗೆ ವಿಜ್ಞಾನ ಕಮ್ಮಿ, ರಾಜಕೀಯ ಜಾಸ್ತಿ ಸಿಗುತ್ತದೆ. ಮಕ್ಕಳು ಹಾಗೇ, ನಮ್ಮ ದೊಡ್ಡವರೂ ಹಾಗೇ.

ಮೂಡಿಗೆರೆ_ಪ್ಲಾಂಟರ್

ಮೇಷ್ಟ್ರೇ, ರಾಜಕೀಯ ಬಿಟ್ಟು ಈ ವಿಷಯ ಇಲ್ಲವೇ ಇಲ್ಲ. ಜೀನ್‌ಗೆ ಪೇಟೆಂಟ್ ಕೊಡಬಹುದಾ ಎಂದು ಅಮೆರಿಕದ ಸುಪ್ರೀಂ ಕೋರ್ಟ್ 2013ರವರೆಗೆ ಯೋಚನೆ ಮಾಡಿತು. ಸ್ತನ ಕ್ಯಾನ್ಸರಿನ ಅಪಾಯ ತೋರಿಸುವ ಎರಡು ಜೀನ್ ಒಂದೇ ಕಂಪನಿಯ ಕೈಯಲ್ಲಿತ್ತು, ಬೇರೆ ಯಾರೂ ಪರೀಕ್ಷೆ ಮಾಡುವ ಹಾಗಿರಲಿಲ್ಲ. ಪ್ರಕೃತಿಯಲ್ಲಿ ಇದ್ದದ್ದನ್ನು ಬರೀ ಬೇರ್ಪಡಿಸಿ ತೆಗೆದ ಮಾತ್ರಕ್ಕೆ ಪೇಟೆಂಟ್ ಸಿಗದು ಎಂದು ಕೋರ್ಟು ಹೇಳಿದ ಮೇಲೆ ಬಾಗಿಲು ತೆರೆಯಿತು. ಸಲ್‌ಸ್ಟನ್ 2002ರಲ್ಲೇ ಇದೇ ಭಯ ಬರೆದಿದ್ದರು.

ಸುಮ್ನೆ_ಕೇಳ್ದೆ

ಅದೆಲ್ಲ ಇರಲಿ. ಮೊದಲು ಓದಿದ್ದು ಯಾರ ಜೀನೋಮ್? ಅದನ್ನು ಯಾರೂ ಹೇಳುತ್ತಿಲ್ಲ.

ಲ್ಯಾಬ್_ಹುಡುಗಿ

ಇಷ್ಟು ಹೊತ್ತಿಗೆ ಸರಿಯಾದ ಪ್ರಶ್ನೆ ಬಂತು! ಸೆಲೆರಾದ್ದರಲ್ಲಿ ದೊಡ್ಡ ಪಾಲು ವೆಂಟರ್ ಅವರದ್ದೇ. ಸರ್ಕಾರಿ ನಕ್ಷೆಯದ್ದು ಬೇರೆ ಕಥೆ. 1997ರಲ್ಲಿ ನ್ಯೂಯಾರ್ಕ್ ರಾಜ್ಯದ ಬಫೆಲೋ ಎಂಬ ಊರಿನ ಪೇಪರಿನಲ್ಲಿ ಜಾಹೀರಾತು ಕೊಟ್ಟರು, ಜೀನೋಮ್ ಯೋಜನೆಗೆ ರಕ್ತ ಕೊಡಲು ಜನ ಬೇಕು ಎಂದು. ಅಲ್ಲಿಯ ರಾಸ್‌ವೆಲ್ ಪಾರ್ಕ್ ಕ್ಯಾನ್ಸರ್ ಸಂಸ್ಥೆಯಲ್ಲಿ ರಕ್ತ ತೆಗೆದರು, ಹೆಸರು ಅಳಿಸಿದರು. ಅದರಲ್ಲಿ ಒಬ್ಬ ಗಂಡಸಿನ ಸ್ಯಾಂಪಲ್ ಎಷ್ಟು ಚೆನ್ನಾಗಿ ಬಂತೆಂದರೆ, ಕೊನೆಗೆ ನಕ್ಷೆಯ ಸುಮಾರು ಶೇ 70 ಅವನದ್ದೇ ಆಯಿತು. ಸಂಕೇತ ಆರ್‌ಪಿ 11. ರಾಸ್‌ವೆಲ್ ಪಾರ್ಕಿನ ಮೊದಲ ಅಕ್ಷರಗಳು.

ನಾನು ದಿನಾ ಆಫೀಸಿಗೆ ಹೋಗಿ ಕರ್ನಾಟಕದ ರೋಗಿಗಳ ಡೇಟಾವನ್ನು ಹೋಲಿಸಿ ನೋಡುವುದು ಬಹುಪಾಲು ಈ ಅನಾಮಿಕ ಮನುಷ್ಯನ ಜೊತೆ. ಅವನ ಹಾಗಿಲ್ಲದ ಕಡೆಯೆಲ್ಲ ಸ್ಕ್ರೀನಿನ ಮೇಲೆ ಬೇರೆ ಬಣ್ಣ ಬರುತ್ತದೆ. ಒಬ್ಬ ರೋಗಿಗೆ ಅಂಥದ್ದು 40-50 ಲಕ್ಷ ಜಾಗ ಇರುತ್ತವೆ. ಅದರಲ್ಲಿ ಕಾಯಿಲೆಗೆ ಕಾರಣ ಒಂದೇ ಇರಬಹುದು. ಉಳಿದದ್ದು ಸಹಜ ವ್ಯತ್ಯಾಸ. ಯಾವುದು ನಮ್ಮ ಜನರಲ್ಲಿ ಮಾಮೂಲಿ, ಯಾವುದು ಅಪರೂಪ ಎಂದು ಗೊತ್ತಿಲ್ಲದಿದ್ದರೆ ಸುಮ್ಮನೆ ಕತ್ತಲಲ್ಲಿ ತಡಕಾಡುವುದು. 2023ರಲ್ಲಿ 47 ಜನರ ಜೀನೋಮ್ ಸೇರಿಸಿ ಪ್ಯಾನ್‌ಜೀನೋಮ್ ಎಂದು ತಂದರು, ಅದೂ ಸಾಲದು.

ಬಸವನಹಳ್ಳಿ_ಓದು

ಹಾಗಾದರೆ ನಮ್ಮವರು ಎಲ್ಲಿ? ಭಾರತ ಆ ಪ್ರಾಜೆಕ್ಟಿನಲ್ಲಿ ಇತ್ತಾ?

ಲ್ಯಾಬ್_ಹುಡುಗಿ

ಇರಲಿಲ್ಲ ಮೇಡಂ. ಅಮೆರಿಕ, ಬ್ರಿಟನ್, ಜಪಾನ್, ಫ್ರಾನ್ಸ್, ಜರ್ಮನಿ, ಚೀನಾ, ಇಷ್ಟೇ. ನಮ್ಮಲ್ಲಿ ಮೊದಲ ಭಾರತೀಯನ ಜೀನೋಮ್ ಓದಿದ್ದು 2009ರಲ್ಲಿ, ದೆಹಲಿಯ ಐಜಿಐಬಿ ಎಂಬ ಜೀನೋಮ್ ಸಂಶೋಧನಾ ಸಂಸ್ಥೆ. ದೊಡ್ಡದಾಗಿ ಆಗಿದ್ದು ಜೀನೋಮ್ ಇಂಡಿಯಾ, 2020ರಲ್ಲಿ ಶುರು. 20 ಸಂಸ್ಥೆಗಳು, 80ಕ್ಕೂ ಹೆಚ್ಚು ಸಮುದಾಯಗಳ 10 ಸಾವಿರ ಜನ. ಇದರ ಮುಂದಾಳತ್ವ ನಮ್ಮ ಬೆಂಗಳೂರಿನ ಐಐಎಸ್‌ಸಿಯಲ್ಲಿರುವ ಮೆದುಳು ಸಂಶೋಧನಾ ಕೇಂದ್ರದ್ದು. ಡೇಟಾ 2025ರ ಜನವರಿಯಲ್ಲಿ ಸಂಶೋಧಕರಿಗೆ ತೆರೆದುಕೊಂಡಿತು.

ಯಾಕೆ ಬೇಕು ಎಂದರೆ ಒಂದು ಉದಾಹರಣೆ. ಹೃದಯದ ಸ್ನಾಯುವಿಗೆ ಸಂಬಂಧಿಸಿದ ಎಂವೈಬಿಪಿಸಿ3 ಜೀನಿನಲ್ಲಿ 25 ಅಕ್ಷರ ಬಿಟ್ಟುಹೋಗಿರುವ ಬದಲಾವಣೆ ದಕ್ಷಿಣ ಏಷ್ಯಾದವರಲ್ಲಿ ಸುಮಾರು ಶೇ 4 ಜನರಿಗಿದೆ, ಬೇರೆ ಕಡೆ ಇಲ್ಲವೇ ಇಲ್ಲ ಎನ್ನಬಹುದು. ವಯಸ್ಸಾದ ಮೇಲೆ ಹೃದಯ ಸೋಲುವ ಅಪಾಯ ಹೆಚ್ಚಿಸುತ್ತದೆ. 2009ರಲ್ಲಿ ಪ್ರಕಟವಾಯಿತು, ಹೈದರಾಬಾದಿನ ಜೀವವಿಜ್ಞಾನ ಸಂಶೋಧನಾ ಕೇಂದ್ರ ಸಿಸಿಎಂಬಿಯವರೂ ಅದರಲ್ಲಿದ್ದರು. ಬಫೆಲೋ ಮನುಷ್ಯನ ನಕ್ಷೆಯನ್ನು ಎಷ್ಟು ಸಲ ತಿರುವಿ ಹಾಕಿದರೂ ಇದು ಸಿಗುವುದಿಲ್ಲ.

ಇದರ ಮೇಲೆ ಇನ್ನೂ ಒಳ್ಳೆಯ ಜನಪ್ರಿಯ ಪುಸ್ತಕ ನನ್ನ ಕಣ್ಣಿಗೆ ಬಿದ್ದಿಲ್ಲ. ಹತ್ತಿರದ್ದು ಎಂದರೆ ತಳಿವಿಜ್ಞಾನಿ ಡೇವಿಡ್ ರೈಕ್ ಅವರ ‘ಹೂ ವಿ ಆರ್ ಅಂಡ್ ಹೌ ವಿ ಗಾಟ್ ಹಿಯರ್’, 2018. ಅದರಲ್ಲಿ ಭಾರತದ ಅಧ್ಯಾಯವೊಂದಿದೆ. 2008ರಲ್ಲಿ ಹೈದರಾಬಾದಿಗೆ ಬಂದು ಸಿಸಿಎಂಬಿಯ ಲಾಲ್‌ಜಿ ಸಿಂಗ್ ಮತ್ತು ತಂಗರಾಜ್ ಜೊತೆ ಕೂತಾಗ, ಭಾರತೀಯರ ಡಿಎನ್‌ಎ ಅಧ್ಯಯನದ ಫಲಿತಾಂಶವನ್ನು ಹೇಗೆ ಹೇಳುವುದು ಎಂದು ಎಷ್ಟು ಬಿಸಿ ಚರ್ಚೆ ಆಯಿತು ಎಂದು ಬರೆದಿದ್ದಾರೆ. ನಾವು ಒಳಗೊಳಗೇ ಮದುವೆಯಾಗುವುದರಿಂದ ಒಂದೊಂದು ಜಾತಿಯೂ ಒಂದೊಂದು ಸಣ್ಣ ದ್ವೀಪದ ಹಾಗೆ ಆಗಿದೆ, ಅಪರೂಪದ ಕಾಯಿಲೆಗಳು ಅಲ್ಲಲ್ಲೇ ಗಟ್ಟಿಯಾಗಿವೆ ಎನ್ನುವ ವಿಷಯವೂ ಆ ಅಧ್ಯಾಯದಲ್ಲಿದೆ.

ಕೊಪ್ಪದ_ಸಿಸ್ಟರ್

ಮತ್ತೆ ಹಂದಿಗೋಡೇ ನೆನಪಾಯಿತು.

ಸುಮ್ನೆ_ಕೇಳ್ದೆ

ನನ್ನ ಭಾವ ಉಗುಳು ಕಳಿಸಿ ವಂಶ ಪತ್ತೆ ಮಾಡಿಸುವ ಕಿಟ್ ತರಿಸಿದ್ದಾನೆ. ಪುಸ್ತಕ ಓದುವ ಬದಲು ಅದನ್ನೇ ಮಾಡಿಸಿದರೆ?

ಲ್ಯಾಬ್_ಹುಡುಗಿ

ಅವು ಪೂರ್ತಿ ಜೀನೋಮ್ ಓದುವುದಿಲ್ಲ, ಆರಿಸಿದ ಕೆಲವು ಲಕ್ಷ ಜಾಗ ನೋಡುತ್ತವೆ ಅಷ್ಟೇ. ಆಮೇಲೆ ಡೇಟಾ ಯಾರ ಕೈಯಲ್ಲಿ ಉಳಿಯುತ್ತದೆ ಎಂದು ಭಾವನಿಗೆ ಕೇಳಿ. ಈ ವ್ಯಾಪಾರದಲ್ಲಿ ಹೆಸರುವಾಸಿಯಾದ ಅಮೆರಿಕದ 23ಆಂಡ್‌ಮಿ 2025ರ ಮಾರ್ಚ್‌ನಲ್ಲಿ ದಿವಾಳಿ ಅರ್ಜಿ ಹಾಕಿತು. ಪಾಸ್‌ವರ್ಡ್ ಬದಲಾಯಿಸಬಹುದು, ಡಿಎನ್‌ಎ ಬದಲಾಯಿಸೋಕೆ ಆಗುತ್ತಾ? ಅದೂ ಅಲ್ಲದೆ ಭಾವ ಕೊಟ್ಟಿದ್ದು ಬರೀ ಅವರದ್ದಲ್ಲ, ಮಕ್ಕಳ ಅರ್ಧವೂ ಅದರಲ್ಲಿದೆ.

ಮೂಡಿಗೆರೆ_ಪ್ಲಾಂಟರ್

ವಿಷಯ ಬಿಟ್ಟು ಸ್ವಲ್ಪ ತೋಟಕ್ಕೆ ಹೋಗಿ ಬರುತ್ತೇನೆ, ಬೈಯಬೇಡಿ. ರೊಬಸ್ಟಾ ಕಾಫಿಯ ಜೀನೋಮ್ 2014ರಲ್ಲಿ ಬಂತು, ಅರೇಬಿಕಾದ್ದು 2024ರಲ್ಲಿ. ಅರೇಬಿಕಾ ಎನ್ನುವುದೇ ರೊಬಸ್ಟಾ ಮತ್ತು ಯೂಜೀನಿಯಾಯ್ಡಿಸ್ ಎಂಬ ಇನ್ನೊಂದು ಜಾತಿ ಸುಮಾರು ಆರು ಲಕ್ಷ ವರ್ಷದ ಹಿಂದೆ ತಾವೇ ಕೂಡಿ ಹುಟ್ಟಿದ್ದು. ಅದಕ್ಕೇ ರೊಬಸ್ಟಾಗೆ 22 ಕ್ರೋಮೋಸೋಮ್, ಅರೇಬಿಕಾಗೆ 44. ನಮ್ಮ ಬಾಬಾಬುಡನ್‌ಗಿರಿಯ ಏಳು ಬೀಜದ ಕಥೆ ನಿಜವೋ ಸುಳ್ಳೋ, ಆದರೆ ಜಗತ್ತಿನ ತೋಟಗಳ ಅರೇಬಿಕಾ ಹೆಚ್ಚುಕಮ್ಮಿ ಎಲ್ಲ ಬೆರಳೆಣಿಕೆಯ ಗಿಡಗಳಿಂದ ಬಂದದ್ದು ಎನ್ನುವುದು ಡಿಎನ್‌ಎಯಲ್ಲೂ ಕಾಣುತ್ತದೆ. ಅದಕ್ಕೇ ಎಲೆ ತುಕ್ಕು ರೋಗ ಬಂದರೆ ತೋಟಕ್ಕೆ ತೋಟವೇ ಬೋಳು. ಬಾಳೆಹೊನ್ನೂರಿನ ಕಾಫಿ ಸಂಶೋಧನಾ ಕೇಂದ್ರದವರು ಎಸ್ 795 ತಳಿ ಮಾಡುವಾಗ ಲೈಬೀರಿಕಾ ಎಂಬ ಬೇರೆ ಕಾಫಿ ಜಾತಿಯ ರಕ್ತ ಇರುವ ಗಿಡ ಹುಡುಕಿಕೊಂಡು ಹೋದದ್ದು, ಚಂದ್ರಗಿರಿ ತಳಿಗೆ ಟಿಮೋರ್ ದ್ವೀಪದ ಅಡ್ಡತಳಿ ತಂದದ್ದು ಇದಕ್ಕೇ. ಲ್ಯಾಬ್ ಹುಡುಗಿ ಹೇಳಿದ ‘ದ್ವೀಪ’ದ ವಿಷಯ ನಮಗೆ ತೋಟದಲ್ಲಿ ಮೊದಲೇ ಗೊತ್ತಿತ್ತು.

ಹಾಸನದ_ಮೇಷ್ಟ್ರು

ನಿಮ್ಮೂರಿನವರೇ ಆದ ತೇಜಸ್ವಿ ಇದ್ದಿದ್ದರೆ ಇದನ್ನೇ ಒಂದು ಪುಸ್ತಕ ಮಾಡಿ ಕೈಗೆ ಕೊಡುತ್ತಿದ್ದರು. ‘ಮಿಸ್ಸಿಂಗ್ ಲಿಂಕ್’ ಓದಿ ಬಯಾಲಜಿಗೆ ಸೇರಿದ ವಿದ್ಯಾರ್ಥಿಗಳು ನನಗೇ ಸಿಕ್ಕಿದ್ದಾರೆ. ಅವರು 2007ರಲ್ಲಿ ಹೋದರು, ವೆಂಟರ್ ಆತ್ಮಕಥೆ ಬಂದ ವರ್ಷವೇ. ಅಂಥ ಕನ್ನಡದಲ್ಲಿ ಜೀನೋಮ್ ಕಥೆ ಬರೆಯುವವರು ಬೇಕು.

ಬಸವನಹಳ್ಳಿ_ಓದು

ಎಲ್ಲರಿಗೂ ಥ್ಯಾಂಕ್ಸ್. ಬಳಗದಲ್ಲಿ ಮಾತಾಡಿದೆವು. ಜೂನ್, ಜುಲೈ ರಿಡ್ಲಿ, ಅದರಲ್ಲೂ ಆರಿಸಿದ ಅಧ್ಯಾಯಗಳು. ಆಗಸ್ಟ್‌ನಿಂದ ಅರ್ಧ ಜನ ಸಲ್‌ಸ್ಟನ್, ಅರ್ಧ ಜನ ವೆಂಟರ್. ಯಾವ ಕಡೆ ಎಂದು ಚೀಟಿ ಎತ್ತುತ್ತೇವೆ, ಇಷ್ಟ ಬಂದ ಕಡೆ ಸೇರುವ ಹಾಗಿಲ್ಲ. ರೈಕ್ ಅವರ ಭಾರತದ ಅಧ್ಯಾಯ ಎಲ್ಲರೂ ಓದುತ್ತೇವೆ. ಮುಖರ್ಜಿ ಪುಸ್ತಕವನ್ನು ಬಿಎಸ್ಸಿ ಹುಡುಗಿ ಈಗಾಗಲೇ ಒಬ್ಬಳೇ ಓದಲು ಶುರು ಮಾಡಿಬಿಟ್ಟಿದ್ದಾಳೆ, ಅವಳನ್ನು ತಡೆಯಲಾಗಲಿಲ್ಲ. ಸಲ್‌ಸ್ಟನ್ ಪುಸ್ತಕ ಹೊಸದು ಸಿಗುತ್ತಿಲ್ಲ, ಯಾರ ಹತ್ತಿರವಾದರೂ ಇದ್ದರೆ ಹೇಳಿ.

ಮೂಡಿಗೆರೆ_ಪ್ಲಾಂಟರ್

ನನ್ನ ಪ್ರತಿ ಕೊಡುತ್ತೇನೆ. ಅಂಚಿನಲ್ಲಿ ಪೆನ್ಸಿಲ್‌ನಲ್ಲಿ ಗೀಚಿದ್ದೇನೆ, ವೆಂಟರ್‌ಗೆ ಒಂದೆರಡು ಕಡೆ ಬೈಗುಳವೂ ಇದೆ.

ಲ್ಯಾಬ್_ಹುಡುಗಿ

ಓದುವಾಗ ಒಂದು ಕೆಲಸ ಮಾಡಿ. ಯುಸಿಎಸ್‌ಸಿ ಜೀನೋಮ್ ಬ್ರೌಸರ್ ಎಂದು ಹುಡುಕಿ, ಕ್ಯಾಲಿಫೋರ್ನಿಯಾದ ಸಾಂತಾ ಕ್ರೂಜ್ ಯೂನಿವರ್ಸಿಟಿಯವರ, ಜೀನೋಮ್ ನೋಡುವ ವೆಬ್‌ಸೈಟ್ ಅದು. ಪುಕ್ಕಟೆ, ಲಾಗಿನ್ ಬೇಡ. 2000ದಲ್ಲಿ ಜಿಮ್ ಕೆಂಟ್ ಎಂಬ ವಿದ್ಯಾರ್ಥಿ ಕೆಲವೇ ವಾರದಲ್ಲಿ ಪ್ರೋಗ್ರಾಂ ಬರೆದು ಸರ್ಕಾರಿ ಕರಡನ್ನು ಜೋಡಿಸಿದ್ದು ಅದೇ ಯೂನಿವರ್ಸಿಟಿಯಲ್ಲಿ. ಹುಡುಕುವ ಜಾಗದಲ್ಲಿ ಎಚ್‌ಟಿಟಿ ಎಂದು ಹೊಡೆಯಿರಿ, ಹಂಟಿಂಗ್ಟನ್ ಜೀನ್ ಬರುತ್ತದೆ. ಜೀನಿನ ಶುರುವಿಗೆ ಹೋಗಿ ಅಕ್ಷರ ಕಾಣುವವರೆಗೆ ದೊಡ್ಡದು ಮಾಡಿ. ಸಿ, ಎ, ಜಿ, ಸಿ, ಎ, ಜಿ ಎಂದು ಸಾಲಾಗಿ ಬಂದಿರುತ್ತದೆ. ಈ ಮೂರಕ್ಷರ 40 ಸಲವೋ ಅದಕ್ಕಿಂತ ಜಾಸ್ತಿಯೋ ಬಂದರೆ ಕಾಯಿಲೆ. 26ರವರೆಗೆ ಏನೂ ಇಲ್ಲ. ನಕ್ಷೆಯಲ್ಲಿ ಎಷ್ಟಿದೆ ಎಂದು ನೀವೇ ಎಣಿಸಿ, ನಾನು ಹೇಳುವುದಿಲ್ಲ.

ಸುಮ್ನೆ_ಕೇಳ್ದೆ

ಮೊಬೈಲಿನಲ್ಲಿ ಬರುತ್ತಾ?

ಲ್ಯಾಬ್_ಹುಡುಗಿ

ಬರುತ್ತದೆ, ಆದರೆ ಬೆರಳಲ್ಲಿ ಎಳೆದು ಎಳೆದು ಸಾಕಾಗುತ್ತದೆ. ಲ್ಯಾಪ್‌ಟಾಪ್ ಇದ್ದವರ ಮನೆಗೆ ಹೋಗಿ, ಹೇಗೂ ಭಾವ ಇದ್ದಾರಲ್ಲ.